ಹೆಡ್ ಬೋಲ್ಟ್ ಬಿಗಿಯುವ ಕ್ರಮ: ಬಿಚ್ಚುವಾಗಿನಿಂದ ಕೊನೆಯ ಕಾಲು ಸುತ್ತಿನವರೆಗೆ

ಕಳೆದ ಮಳೆಗಾಲದಲ್ಲಿ ಮೇಗರವಳ್ಳಿ ಕಡೆಯ ಅಡಿಕೆ ತೋಟದವರೊಬ್ಬರು ತಮ್ಮ ಪೆಟ್ರೋಲ್ ಕಾರನ್ನು ತೀರ್ಥಹಳ್ಳಿಯ ನಮ್ಮ ಗ್ಯಾರೇಜಿಗೆ ಎಳೆಸಿಕೊಂಡು ಬಂದರು. ಸೋಮೇಶ್ವರದಿಂದ ಆಗುಂಬೆ ಘಾಟಿ ಹತ್ತುವಾಗ ಗಾಡಿ ಹೀಟ್ ಆಗಿದೆ. ಸೈಲೆನ್ಸರಿನಲ್ಲಿ ಬಿಳಿ ಹೊಗೆ. "ಎರಡು ತಿಂಗಳ ಹಿಂದಷ್ಟೇ ಹೆಡ್ ಗ್ಯಾಸ್ಕೆಟ್ ಹಾಕಿಸಿದ್ದೆ ಮಾರಾಯ್ರೇ, ಮತ್ತೆ ಹೋಯ್ತಾ?" ಎಂದು ಕೇಳಿದರು.

ಹೋಗಿತ್ತು. ಎಂಜಿನ್ ಬ್ಲಾಕಿಗೂ ಅದರ ಮೇಲೆ ಮುಚ್ಚಳದಂತೆ ಕೂರುವ ಹೆಡ್ಡಿಗೂ ನಡುವೆ ಸೋರದಂತೆ ಹಾಕುವ ಹಾಳೆಯೇ ಗ್ಯಾಸ್ಕೆಟ್. ಅದನ್ನು ಒಳ್ಳೆಯದೇ ಹಾಕಿದ್ದರು. ಆದರೆ ಬೋಲ್ಟ್‌ಗಳನ್ನು ತೆಗೆಯುತ್ತಾ ಬಂದಾಗ ಒಂದರ ತುದಿ ಮಾತ್ರ ತುಕ್ಕು ಹಿಡಿದು ಕೆಂಪಾಗಿತ್ತು. ಅದರಿಂದ ಕಂದು ನೀರು ತೊಟ್ಟಿಕ್ಕಿತು. ಹೆಡ್ಡನ್ನು ಇನ್ನೂ ಎತ್ತಿರಲಿಲ್ಲ, ಹಾಗಾಗಿ ಅದು ಆಗಷ್ಟೇ ಚೆಲ್ಲಿದ ನೀರಲ್ಲ. ತೂತಿನ ತಳದಲ್ಲಿ ಹಳೆಯ ಕೂಲೆಂಟ್ ನಿಂತಿತ್ತು. ಹಿಂದೆ ಬಿಗಿದವರು ತಿರುಗಿಸುವ ಬಲ (ಟಾರ್ಕ್) ಅಳೆಯುವ ಟಾರ್ಕ್ ರೆಂಚ್ ಹಾಕಿಯೇ ಬಿಗಿದಿರಬಹುದು. ಬೇಕಾದ ಬಲ ಬಂತೆಂದು ರೆಂಚ್ 'ಟಕ್' ಎಂದೂ ಇರಬಹುದು. ಆದರೆ ಆ ಬೋಲ್ಟ್ ಹೆಡ್ಡನ್ನು ಒತ್ತಿ ಹಿಡಿದಿರಲಿಲ್ಲ, ತಳದ ನೀರನ್ನು ಒತ್ತುತ್ತಿತ್ತು.

ಹೆಡ್ ಬೋಲ್ಟ್ ಬಗ್ಗೆ ಬರೆಯಬೇಕು ಅನಿಸಿದ್ದು ಆ ದಿನವೇ. ರೆಂಚ್ ಹಿಡಿಯುವ ಹತ್ತು ನಿಮಿಷಕ್ಕಿಂತ ಅದರ ಹಿಂದಿನ ಒಂದು ದಿನದ ತಯಾರಿ ದೊಡ್ಡದು. ಹಾಗಾಗಿ ಇಲ್ಲಿ ಬಿಗಿಯುವ ಮಾತು ಸ್ವಲ್ಪ ತಡವಾಗಿ ಬರುತ್ತದೆ.

ಬೋಲ್ಟ್ ಒಂದು ಸ್ಪ್ರಿಂಗ್

ಸಿಲಿಂಡರಿನ ಅಗಲ 70 ಮಿಲಿಮೀಟರ್ ಇದೆ ಎಂದುಕೊಳ್ಳಿ. ಪೆಟ್ರೋಲ್ ಉರಿಯುವಾಗ ಒಳಗಿನ ಒತ್ತಡ ಪ್ರತಿ ಚದರ ಸೆಂಟಿಮೀಟರಿಗೆ 50 ಕಿಲೋ ಆದರೂ, ಹೆಡ್ಡನ್ನು ಮೇಲಕ್ಕೆ ತಳ್ಳುವ ಬಲ ಸುಮಾರು 2 ಟನ್ ಆಗುತ್ತದೆ. ಒಂದೇ ಸಿಲಿಂಡರಿನದು ಇಷ್ಟು. ಡೀಸೆಲ್‌ನಲ್ಲಿ ಇದಕ್ಕಿಂತ ಎಷ್ಟೋ ಜಾಸ್ತಿ. ಈ ಬಲ ನಿಮಿಷಕ್ಕೆ ಸಾವಿರಾರು ಸಲ ಬಂದು ಹೋಗುತ್ತದೆ. ಇದನ್ನು ತಡೆಯುವುದು ಬೋಲ್ಟ್.

ಅದು ತಡೆಯುವುದು ಹೇಗೆ? ಬಿಗಿದಾಗ ಬೋಲ್ಟ್ ತುಸು ಹಿಗ್ಗುತ್ತದೆ. 100 ಮಿಲಿಮೀಟರ್ ಉದ್ದದ ಬೋಲ್ಟ್ ಹಿಗ್ಗುವುದು ಅರ್ಧ ಮಿಲಿಮೀಟರಿಗಿಂತ ಕಡಿಮೆ. ಹಿಗ್ಗಿದ ಬೋಲ್ಟ್ ವಾಪಸ್ ಕುಗ್ಗಲು ನೋಡುತ್ತದೆ. ಆ ಎಳೆತವೇ ಹೆಡ್ಡು, ಗ್ಯಾಸ್ಕೆಟ್ಟು, ಬ್ಲಾಕು ಮೂರನ್ನೂ ಸೇರಿಸಿ ಹಿಡಿಯುತ್ತದೆ. ಹೆಡ್ಡಿನ ಅಲ್ಯೂಮಿನಿಯಂ ಬಿಸಿಯಾದಾಗ ಬ್ಲಾಕಿನ ಬೀಡು ಕಬ್ಬಿಣದ ಸುಮಾರು ಎರಡರಷ್ಟು ಹಿಗ್ಗುತ್ತದೆ. ಗಾಡಿ ಕಾದಾಗ, ಆರಿದಾಗ ಹೆಡ್ಡಿನ ದಪ್ಪ ಬದಲಾಗುತ್ತಲೇ ಇರುತ್ತದೆ. ಅದರ ಜೊತೆ ಹೋಗಿ ಬರಲು ಬೋಲ್ಟಿಗೆ ಆ ಎಳೆತ ಬೇಕೇ ಬೇಕು.

ತೊಂದರೆ ಏನೆಂದರೆ, ಟಾರ್ಕ್ ರೆಂಚ್ ಈ ಹಿಗ್ಗುವಿಕೆಯನ್ನು ಅಳೆಯುವುದಿಲ್ಲ. ತಿರುಗಿಸಲು ಎಷ್ಟು ಬಲ ಬೇಕಾಯಿತು ಅನ್ನುವುದನ್ನು ಮಾತ್ರ ಅಳೆಯುತ್ತದೆ. ನೀವು ಹಾಕುವ ಬಲದಲ್ಲಿ ಹೆಚ್ಚುಕಡಿಮೆ ಅರ್ಧ ಬೋಲ್ಟ್ ತಲೆಯ ಅಡಿಯ ಉಜ್ಜಾಟಕ್ಕೆ ಹೋಗುತ್ತದೆ. ನೂರಕ್ಕೆ 40ರಷ್ಟು ತ್ರೆಡ್ಡಿನ ಉಜ್ಜಾಟಕ್ಕೆ. ಉಳಿದ 10 ಪಾಲು ಮಾತ್ರ ಬೋಲ್ಟನ್ನು ಹಿಗ್ಗಿಸುತ್ತದೆ. ತ್ರೆಡ್ಡಿನಲ್ಲಿ ಸ್ವಲ್ಪ ತುಕ್ಕಿದ್ದರೂ ಆ 10ರಲ್ಲೇ ಕಡಿತ. ರೆಂಚ್ ಮಾತ್ರ ಅದೇ ಅಂಕೆ ತೋರಿಸುತ್ತದೆ. ಕೈ ಅಂದಾಜಿನಲ್ಲಿ ಬಿಗಿಯಬಾರದು ಎಂದು ನಾನು ಹಟ ಹಿಡಿಯುವುದು ಇದಕ್ಕೇ. ನಮ್ಮ ಕೈಗೆ ಗೊತ್ತಾಗುವುದು ಉಜ್ಜಾಟ ಮಾತ್ರ, ಎಳೆತ ಗೊತ್ತಾಗುವುದಿಲ್ಲ.

ಬಿಚ್ಚುವಾಗ

ಎಂಜಿನ್ ಪೂರ್ತಿ ತಣ್ಣಗಾಗಬೇಕು. ರಾತ್ರಿ ಇಡೀ ಬಿಟ್ಟು ಬೆಳಿಗ್ಗೆ ಕೈ ಹಾಕಿದರೆ ಒಳ್ಳೆಯದು. ಬಿಸಿ ಇರುವ ಅಲ್ಯೂಮಿನಿಯಂ ಹೆಡ್ ಬಿಚ್ಚಿದರೆ ಅದು ಸೊಟ್ಟಗಾಗುತ್ತದೆ. ಘಾಟಿಯಲ್ಲಿ ಕಾದು ನಿಂತ ಗಾಡಿಯವರಿಗೆ ಅವಸರ ಇರುತ್ತದೆ, ಒಪ್ಪುತ್ತೇನೆ. ಆದರೂ ಕಾಯಿರಿ.

ಬ್ಯಾಟರಿ ವೈರ್ ತೆಗೆಯಿರಿ. ರೇಡಿಯೇಟರ್ ನೀರು ಇಳಿಸಿ. ಬ್ಲಾಕಿನಲ್ಲಿ ಬೇರೆ ಡ್ರೈನ್ ಪ್ಲಗ್ ಇದ್ದರೆ ಅದನ್ನೂ ಬಿಚ್ಚಿ. ಬ್ಲಾಕಿನಲ್ಲಿ ನೀರು ಉಳಿದರೆ ಹೆಡ್ ಎತ್ತಿದ ಕೂಡಲೇ ಅದು ಹರಿದು ಬೋಲ್ಟ್ ತೂತುಗಳಿಗೆ ಇಳಿಯುತ್ತದೆ. ಮೇಗರವಳ್ಳಿ ಗಾಡಿಯಲ್ಲಿ ಆಗಿದ್ದು ಹೀಗೆಯೇ ಇರಬೇಕು.

ಬೋಲ್ಟ್ ಬಿಚ್ಚುವ ಕ್ರಮ ಹೊರಗಿನಿಂದ ಒಳಕ್ಕೆ. ಎರಡೂ ತುದಿಯಿಂದ ಶುರು ಮಾಡಿ, ಎದುರುಬದುರಾಗಿ ನಡುವಿಗೆ ಬನ್ನಿ. ಒಂದೇ ಸಲಕ್ಕೆ ಪೂರ್ತಿ ಬಿಚ್ಚಬೇಡಿ. ಮೊದಲ ಸುತ್ತಿನಲ್ಲಿ ಎಲ್ಲವನ್ನೂ ಕಾಲು ಸುತ್ತು ಸಡಿಲಿಸಿ, ಆಮೇಲೆ ಇನ್ನಷ್ಟು. ಇದಕ್ಕೆ ಉದ್ದ ಹಿಡಿಯ ಬ್ರೇಕರ್ ಬಾರ್ ಬಳಸಿ. ಟಾರ್ಕ್ ರೆಂಚ್‌ನಲ್ಲಿ ಬಿಚ್ಚಬೇಡಿ, ಅದು ಅಳತೆಯ ಸಾಮಾನು.

ಒಂದು ರಟ್ಟಿನ ಮೇಲೆ ಹೆಡ್ಡಿನ ಚಿತ್ರ ಬರೆದು ಪೆನ್ನಿನಿಂದ ತೂತು ಮಾಡಿ. ತೆಗೆದ ಬೋಲ್ಟನ್ನು ಅದರದೇ ಜಾಗದ ತೂತಿಗೆ ಚುಚ್ಚಿಡಿ. ಕೆಲವು ಎಂಜಿನ್‌ಗಳಲ್ಲಿ ಒಂದೆರಡು ಬೋಲ್ಟ್ ಉದ್ದ ಬೇರೆ ಇರುತ್ತದೆ. ಗಿಡ್ಡ ತೂತಿಗೆ ಉದ್ದ ಬೋಲ್ಟ್ ಹೋದರೆ ತಳ ಮುಟ್ಟಿ ನಿಲ್ಲುತ್ತದೆ, ಹೆಡ್ ಹಿಡಿಯುವುದಿಲ್ಲ. ತುಕ್ಕು ಹಿಡಿದ ಬೋಲ್ಟ್ ಯಾವ ಜಾಗದ್ದು ಅನ್ನುವುದೂ ರಟ್ಟಿನಿಂದಲೇ ಗೊತ್ತಾಗುತ್ತದೆ.

ಹೆಡ್ಡು, ಬ್ಲಾಕು ಎರಡರ ಮುಖ

ಹಳೆಯ ಗ್ಯಾಸ್ಕೆಟ್ ಚೂರನ್ನು ಪ್ಲಾಸ್ಟಿಕ್ ಸ್ಕ್ರೇಪರ್‌ನಿಂದ ಕೆರೆಯಿರಿ. ಗ್ರೈಂಡರಿಗೆ ಉಜ್ಜುವ ಡಿಸ್ಕ್ ಹಾಕಿ ಉಜ್ಜುವವರನ್ನು ನೋಡಿದ್ದೇನೆ. ಬೇಗ ಆಗುತ್ತದೆ, ನಿಜ. ಆದರೆ ಅಲ್ಯೂಮಿನಿಯಂನಲ್ಲಿ ತಗ್ಗು ಬೀಳುತ್ತದೆ. ಆ ಪುಡಿ ಆಯಿಲ್ ದಾರಿಗೆ ಹೋಗಿ ಬೇರಿಂಗ್ ತಿನ್ನುತ್ತದೆ. ಸಿಲಿಂಡರಿಗೂ ಆಯಿಲ್ ತೂತುಗಳಿಗೂ ಮೊದಲೇ ಬಟ್ಟೆ ತುರುಕಿ. ಎಷ್ಟು ಬಟ್ಟೆ ತುರುಕಿದಿರಿ ಎಂದು ಎಣಿಸಿ ಬರೆದಿಡಿ.

ಆಮೇಲೆ ಮುಖ ಸಮ ಇದೆಯೇ ಎಂದು ಸ್ಟ್ರೈಟ್ ಎಡ್ಜ್ (ನೇರ ಅಂಚಿನ ಪಟ್ಟಿ) ಇಟ್ಟು, ಸಂದಿ ಅಳೆಯುವ ತೆಳು ಪಟ್ಟಿಗಳ ಫೀಲರ್ ಗೇಜ್‌ನಿಂದ ನೋಡಿ. ಉದ್ದಕ್ಕೆ ಎರಡು ಕಡೆ, ಅಡ್ಡಕ್ಕೆ ಎರಡು ಕಡೆ, ಮೂಲೆಯಿಂದ ಮೂಲೆಗೆ ಎರಡು. ಒಟ್ಟು ಆರು. ಎಷ್ಟೋ ಸಣ್ಣ ಕಾರುಗಳಲ್ಲಿ ಆ ಸಂದಿಗೆ 0.05 ಮಿಲಿಮೀಟರ್ ಮಿತಿ. ನಿಮ್ಮ ಗಾಡಿಯ ಸರ್ವಿಸ್ ಪುಸ್ತಕ ಏನು ಹೇಳುತ್ತದೋ ಅದೇ ಅಂತಿಮ. ಮಿತಿ ಮೀರಿದ್ದರೆ ಲೇತಿಗೆ ಕಳಿಸಿ ಫೇಸಿಂಗ್ ಮಾಡಿಸಿ, ಅಂದರೆ ಮುಖ ಸಮ ಮಾಡಿಸಿ. ಜಾಸ್ತಿ ಬಿಗಿದರೆ ಸರಿಹೋಗುತ್ತದೆ ಎಂದು ಸೊಟ್ಟ ಹೆಡ್ ಕೂರಿಸಬೇಡಿ.

ನಮ್ಮ ಕಡೆಗೆ ಒಂದು ವಿಶೇಷ ಮಾತಿದೆ. ಆಷಾಢದಲ್ಲಿ ಗಾಳಿಯಲ್ಲೇ ನೀರಿರುತ್ತದೆ. ಸಂಜೆ ಹೊಳೆಯುವಂತೆ ಒರೆಸಿಟ್ಟ ಬೀಡು ಬ್ಲಾಕಿನ ಮೇಲೆ ಬೆಳಿಗ್ಗೆ ಕೆಂಪು ಪೊರೆ ಕೂತಿರುತ್ತದೆ. ಹೆಡ್ ಲೇತಿನಿಂದ ಬರುವುದು ಎರಡು ದಿನ ಅಂತಿದ್ದರೆ, ಬ್ಲಾಕಿನ ಮುಖಕ್ಕೆ ತೆಳುವಾಗಿ ಎಂಜಿನ್ ಆಯಿಲ್ ಸವರಿ, ಪ್ಲಾಸ್ಟಿಕ್ ಹಾಳೆ ಮುಚ್ಚಿಡಿ. ಕೂರಿಸುವ ಹೊತ್ತಿಗೆ ಥಿನ್ನರ್ ಬಟ್ಟೆಯಲ್ಲಿ ಪೂರ್ತಿ ಒರೆಸಿ ಒಣಗಿಸಿ. ಹೊಸ ಗ್ಯಾಸ್ಕೆಟ್ ಅಲ್ಲಿಯವರೆಗೂ ಪ್ಯಾಕೆಟ್ಟಿನಲ್ಲೇ ಇರಲಿ.

ತೂತುಗಳು

ಇದೊಂದನ್ನು ನಿಧಾನವಾಗಿ ಓದಿ. ನನ್ನ ಅನುಭವದಲ್ಲಿ ಹೆಡ್ ಕೆಲಸ ಹಾಳಾಗುವುದು ಇಲ್ಲೇ.

ಹೆಚ್ಚಿನ ಬ್ಲಾಕುಗಳಲ್ಲಿ ಬೋಲ್ಟ್ ತೂತಿಗೆ ತಳ ಮುಚ್ಚಿರುತ್ತದೆ. ಒಳಗೆ ನೀರೋ ಎಣ್ಣೆಯೋ ನಿಂತಿದ್ದರೆ ಬೋಲ್ಟ್ ಇಳಿಯುವಾಗ ಅದಕ್ಕೆ ಹೋಗಲು ದಾರಿ ಇಲ್ಲ. ನೀರು ಒತ್ತಿದರೆ ಕುಗ್ಗುವ ವಸ್ತುವಲ್ಲ. ಬೋಲ್ಟ್ ಅದರ ಮೇಲೆ ಕೂತು ಗಟ್ಟಿಯಾಗುತ್ತದೆ, ರೆಂಚ್ 'ಟಕ್' ಎನ್ನುತ್ತದೆ, ಹೆಡ್ ಸಡಿಲವಾಗಿಯೇ ಉಳಿಯುತ್ತದೆ. ಇನ್ನೂ ಬಲ ಹಾಕಿದರೆ ಬ್ಲಾಕೇ ಸೀಳಬಹುದು. ಆಗ ಖರ್ಚು ಎಲ್ಲಿಗೆ ಹೋಗುತ್ತದೆ ಅಂತ ಹೇಳಬೇಕಾಗಿಲ್ಲ ಅಲ್ವಾ?

ನಾನು ಮಾಡುವ ರೀತಿ ಹೀಗೆ. ಕಣ್ಣಿಗೆ ಕನ್ನಡಕ ಹಾಕಿಕೊಳ್ಳುತ್ತೇನೆ. ತೂತಿನ ಸುತ್ತ ಬಟ್ಟೆ ಹಿಡಿದು, ಕಂಪ್ರೆಸರ್ ಗಾಳಿ ಬಿಡುತ್ತೇನೆ. ಮಳೆಗಾಲದಲ್ಲಿ ಕರೆಂಟ್ ಇಲ್ಲದ ದಿನಗಳೇ ಜಾಸ್ತಿ. ಆಗ ಹಳೆಯ ಸೈಕಲ್ ಕಡ್ಡಿಯ ತುದಿಗೆ ಹತ್ತಿ ಬಟ್ಟೆ ಬಿಗಿಯಾಗಿ ಸುತ್ತಿ, ತಳ ಮುಟ್ಟುವವರೆಗೆ ಇಳಿಸಿ ತಿರುಗಿಸಿ ತೆಗೆಯುತ್ತೇನೆ. ಮೊದಲ ಬಟ್ಟೆ ಕಪ್ಪಾಗಿ ಬರುತ್ತದೆ. ಎರಡನೆಯದು ಕಂದು. ನಾಲ್ಕನೆಯದೋ ಐದನೆಯದೋ ಒಣಗಿ ಬೆಳ್ಳಗೆ ಬರುತ್ತದೆ. ಹಾಗೆ ಬರುವವರೆಗೆ ಆ ತೂತು ಬಿಡುವುದಿಲ್ಲ. ಹತ್ತು ತೂತಿಗೆ ಒಂದು ಗಂಟೆ ಹಿಡಿಯುತ್ತದೆ.

ತ್ರೆಡ್ಡಿನಲ್ಲಿ ಕೊಳೆ ಗಟ್ಟಿಯಾಗಿದ್ದರೆ ಹೊಸದಾಗಿ ತ್ರೆಡ್ ಕೊರೆಯುವ ಚೂಪು ಟ್ಯಾಪ್ ಹಾಕಬೇಡಿ. ಅದು ಕೊಳೆಯ ಜೊತೆ ಲೋಹವನ್ನೂ ಕೊರೆದು ತೆಗೆಯುತ್ತದೆ. ತ್ರೆಡ್ಡಿನ ಕೊಳೆ ಮಾತ್ರ ತೆಗೆಯುವ ತ್ರೆಡ್ ಚೇಸರ್ ಸಿಗದಿದ್ದರೆ, ಅದೇ ಅಳತೆಯ ಹಳೆಯ ಹೆಡ್ ಬೋಲ್ಟಿಗೆ ಹ್ಯಾಕ್ಸಾದಿಂದ ಉದ್ದಕ್ಕೆ ಎರಡು ಗೀರು ಹಾಕಿ, ಅಂಚಿನ ಚೂಪನ್ನು ಅರದಿಂದ ತೆಗೆಯಿರಿ. ಅದನ್ನು ಕೈಯಲ್ಲೇ ತಿರುಗಿಸಿ ಇಳಿಸಿದರೆ ಕೊಳೆ ಗೀರಿನೊಳಗೆ ತುಂಬಿ ಮೇಲೆ ಬರುತ್ತದೆ. ಕೊನೆಗೆ ಮತ್ತೊಮ್ಮೆ ಗಾಳಿ, ಮತ್ತೊಮ್ಮೆ ಬಟ್ಟೆ.

ಹಳೆಯ ಬೋಲ್ಟಾ, ಹೊಸದಾ

ಹೆಡ್ ಬೋಲ್ಟ್‌ಗಳಲ್ಲಿ ಎರಡು ಜಾತಿ. ಒಂದು ಬರೀ ಟಾರ್ಕ್ ಅಂಕೆಗೆ ಬಿಗಿಯುವಂಥದ್ದು, ಹಳೆಯ ಗಾಡಿಗಳಲ್ಲಿ ಜಾಸ್ತಿ. ಇನ್ನೊಂದು ಮೊದಲು ಟಾರ್ಕ್, ಆಮೇಲೆ ಡಿಗ್ರಿ ಲೆಕ್ಕದಲ್ಲಿ ಬಿಗಿಯುವಂಥದ್ದು. ಈ ಎರಡನೆಯ ಜಾತಿಯ ಬಹಳಷ್ಟು ಬೋಲ್ಟ್‌ಗಳು ಹಿಗ್ಗಿದ ಮೇಲೆ ಪೂರ್ತಿಯಾಗಿ ಹಳೆಯ ಉದ್ದಕ್ಕೆ ಬರುವುದಿಲ್ಲ. ಹಾಗೆಂದೇ ಮಾಡಿರುತ್ತಾರೆ. ಅವು ಒಂದೇ ಸಲಕ್ಕೆ. ಕೆಲವು ಕಂಪನಿಗಳು ಉದ್ದ ಅಳೆದು, ಮಿತಿಯೊಳಗಿದ್ದರೆ ಮತ್ತೆ ಬಳಸಲು ಬಿಡುತ್ತವೆ. ಪುಸ್ತಕದಲ್ಲಿ ಬರೆದಿರುತ್ತದೆ.

ನನ್ನ ತೀರ್ಮಾನ ಸರಳ. ಡಿಗ್ರಿ ಲೆಕ್ಕದ ಬೋಲ್ಟಾದರೆ ಹೊಸ ಸೆಟ್. ಶಿವಮೊಗ್ಗದಿಂದ ತರಿಸಲು ಒಂದು ದಿನ ತಡವಾದರೂ ಪರವಾಗಿಲ್ಲ. ಇನ್ನೊಮ್ಮೆ ಹೆಡ್ ಬಿಚ್ಚುವ ಕೂಲಿಗಿಂತ ಅದು ಅಗ್ಗ. ಮಾಮೂಲಿ ಬೋಲ್ಟಾದರೆ ಒಂದೊಂದನ್ನೂ ಬೆಳಕಿಗೆ ಹಿಡಿದು ನೋಡಿ. ತ್ರೆಡ್ ಶುರುವಾಗುವ ಕಡೆ ಕತ್ತು ಸಣ್ಣಗಾಗಿದೆಯಾ? ಸರಿಹೊಂದುವ ನಟ್ ಒಂದನ್ನು ಕೈಯಲ್ಲಿ ಇಳಿಸಿ ನೋಡಿ. ನಡುವೆ ಎಲ್ಲಾದರೂ ಹಿಡಿದರೆ ಆ ಬೋಲ್ಟ್ ಹಿಗ್ಗಿದೆ. ಒಂದು ಹಾಗಿದ್ದರೂ ಇಡೀ ಸೆಟ್ ಬದಲಾಯಿಸಿ.

ಎಣ್ಣೆ ಹನಿಯ ಲೆಕ್ಕ

ಒಣ ಬೋಲ್ಟಿಗೂ ಎಣ್ಣೆ ಹಚ್ಚಿದ ಬೋಲ್ಟಿಗೂ ಒಂದೇ ಟಾರ್ಕ್ ಹಾಕಿದರೆ ಎಳೆತ ಒಂದೇ ಬರುವುದಿಲ್ಲ. ಎಣ್ಣೆ ಇದ್ದದ್ದು ಬಹಳ ಜಾಸ್ತಿ ಹಿಗ್ಗುತ್ತದೆ. ಪುಸ್ತಕದ ಅಂಕೆ ಯಾವ ಸ್ಥಿತಿಯದು ಎಂದು ಓದಿಕೊಳ್ಳಿ. ಎಣ್ಣೆ ಹಚ್ಚಿ ಎಂದಿದ್ದರೆ ತ್ರೆಡ್ಡಿಗೆ ಒಂದೆರಡು ಹನಿ ಎಂಜಿನ್ ಆಯಿಲ್, ತಲೆಯ ಅಡಿಗೆ ಅಥವಾ ವಾಷರ್ ಮೇಲೆ ಒಂದು ಹನಿ. ಬೆರಳಲ್ಲಿ ಸವರಿ, ರಟ್ಟಿಗೆ ತಲೆಕೆಳಗಾಗಿ ಚುಚ್ಚಿಟ್ಟು ಸೋರಲು ಬಿಡಿ. ಬೋಲ್ಟನ್ನು ಡಬ್ಬಿಯಲ್ಲಿ ಅದ್ದಿ ಹಾಕಬೇಡಿ, ತೂತಿನೊಳಗೆ ಎಣ್ಣೆ ಸುರಿಯಬೇಡಿ. ಕೂಲೆಂಟ್ ತೆಗೆದು ಎಣ್ಣೆ ತುಂಬಿದ ಹಾಗಾಗುತ್ತದೆ. ಪುಸ್ತಕದಲ್ಲಿ ಹೇಳದೆ ಗ್ರೀಸ್ ಹಚ್ಚಬೇಡಿ. ಕೆಲವು ಎಂಜಿನ್‌ಗಳಲ್ಲಿ ತೂತು ನೇರ ನೀರಿನ ದಾರಿಗೆ ತೆರೆದಿರುತ್ತದೆ. ಅಂಥ ಬೋಲ್ಟಿಗೆ ಎಣ್ಣೆಯ ಬದಲು ತ್ರೆಡ್ ಸೀಲಂಟ್ ಬೇಕು.

ಕೂರಿಸುವುದು

ತುರುಕಿದ ಬಟ್ಟೆಗಳನ್ನು ಎಣಿಸಿ ತೆಗೆಯಿರಿ. ಹೆಡ್ಡನ್ನು ಸರಿಯಾದ ಜಾಗಕ್ಕೆ ಕೂರಿಸುವ ಡೋವೆಲ್ ಪಿನ್‌ಗಳು ಜಾಗದಲ್ಲಿವೆಯೇ ನೋಡಿ. ಗ್ಯಾಸ್ಕೆಟ್ಟಿನ ಮೇಲ್ಮುಖದ ಗುರುತು ಮೇಲಕ್ಕಿರಲಿ, ಆಯಿಲ್ ತೂತಿಗೆ ತೂತು ಕೂರಲಿ. ಡೀಸೆಲ್ ಆದರೆ ಗ್ಯಾಸ್ಕೆಟ್ ದಪ್ಪಕ್ಕೆ ಅಂಚಿನಲ್ಲಿ ಕಚ್ಚು ಅಥವಾ ತೂತಿನ ಗುರುತು ಇರುತ್ತದೆ. ಪಿಸ್ಟನ್ ಎಷ್ಟು ಮೇಲೆ ಬರುತ್ತದೆ ಎಂದು ಅಳೆದು ಅದಕ್ಕೆ ತಕ್ಕದ್ದನ್ನು ಹಾಕಬೇಕು. ಗ್ಯಾಸ್ಕೆಟ್ಟಿಗೆ ಏನೂ ಹಚ್ಚಬೇಡಿ, ಪುಸ್ತಕ ಹೇಳಿದ ಮೂಲೆಗಳನ್ನು ಬಿಟ್ಟು. ಪಿಸ್ಟನ್ ಮೇಲೆ ಕೆಳಗೆ ಹೋಗುವಂತೆ ಮಾಡುವ ಕ್ರ್ಯಾಂಕನ್ನು ಪುಸ್ತಕ ಹೇಳಿದ ಸ್ಥಾನದಲ್ಲಿ ನಿಲ್ಲಿಸಿ, ಇಲ್ಲದಿದ್ದರೆ ತೆರೆದ ವಾಲ್ವ್ ಪಿಸ್ಟನ್ನಿಗೆ ತಾಗಿ ಬಗ್ಗುತ್ತದೆ. ಹೆಡ್ಡನ್ನು ಇಬ್ಬರು ಹಿಡಿದು ನೇರ ಇಳಿಸಿ. ಇಟ್ಟ ಮೇಲೆ ಜಾರಿಸಬೇಡಿ.

ರೆಂಚ್ ಹಿಡಿಯುವ ಮೊದಲು

ಎಲ್ಲ ಬೋಲ್ಟನ್ನೂ ಬೆರಳಲ್ಲೇ ಇಳಿಸಿ. ಯಾವುದಾದರೂ ಬೆರಳಿಗೆ ಬರದೆ ಹಿಡಿದರೆ ಅಲ್ಲಿಗೇ ನಿಲ್ಲಿಸಿ, ತೆಗೆದು ನೋಡಿ.

ಅಂಕೆ ಯಾವ ಅಳತೆಯಲ್ಲಿದೆ ಎಂದು ಎರಡು ಸಲ ಓದಿ. ನ್ಯೂಟನ್ ಮೀಟರ್, ಕಿಲೋಗ್ರಾಂ ಮೀಟರ್, ಫುಟ್ ಪೌಂಡ್ ಮೂರೂ ನಮ್ಮಲ್ಲಿ ಓಡುತ್ತವೆ. 1 ಕಿಲೋಗ್ರಾಂ ಮೀಟರ್ ಎಂದರೆ 9.8 ನ್ಯೂಟನ್ ಮೀಟರ್. 1 ಫುಟ್ ಪೌಂಡ್ ಎಂದರೆ 1.36 ನ್ಯೂಟನ್ ಮೀಟರ್. 60 ನ್ಯೂಟನ್ ಮೀಟರ್ ಇರುವುದನ್ನು ಫುಟ್ ಪೌಂಡ್ ಎಂದುಕೊಂಡು ಬಿಗಿದರೆ 81 ಆಯಿತು. ಬೋಲ್ಟ್ ತುಂಡಾಗಲು ಅಷ್ಟು ಸಾಕಾಗಬಹುದು.

ರೆಂಚಿನ ಹಿಡಿಯ ನಡುವೆಯೇ ಕೈ ಇರಲಿ. ಹಿಡಿಗೆ ಪೈಪ್ ತೂರಿಸಬೇಡಿ. ನೇರ ಎಕ್ಸ್‌ಟೆನ್ಷನ್ ಹಾಕಿದರೆ ಅಂಕೆ ಬದಲಾಗುವುದಿಲ್ಲ, ಆದರೆ ಬಾಗುವ ಜಾಯಿಂಟ್ ಹಾಕಿದರೆ ನಂಬಲಾಗುವುದಿಲ್ಲ. ಕೆಲಸ ಮುಗಿದ ಮೇಲೆ ಕ್ಲಿಕ್ ರೆಂಚನ್ನು ಅದರ ಅತಿ ಕಡಿಮೆ ಅಂಕೆಗೆ ಇಳಿಸಿ ಡಬ್ಬದಲ್ಲಿಡಿ. ಹಾಗೇ ಬಿಟ್ಟರೆ ಒಳಗಿನ ಸ್ಪ್ರಿಂಗ್ ಸೋಲುತ್ತದೆ.

ಬಿಗಿಯುವುದು

ಈಗ ನಡುವಿನಿಂದ ಹೊರಕ್ಕೆ. ನಾಲ್ಕು ಸಿಲಿಂಡರ್, ಹತ್ತು ಬೋಲ್ಟ್, ಸಾಲಿಗೆ ಐದರಂತೆ ಇದ್ದರೆ ಸಾಮಾನ್ಯವಾಗಿ ನಟ್ಟನಡುವಿನ ಎರಡು ಮೊದಲು. ಆಮೇಲೆ ಅದರ ಎಡಬಲಕ್ಕೆ ಎದುರುಬದುರಾಗಿ ಸಾಗಿ, ಕೊನೆಗೆ ನಾಲ್ಕು ಮೂಲೆ. ಚಪಾತಿ ಹಿಟ್ಟನ್ನು ನಡುವಿನಿಂದ ಅಂಚಿಗೆ ಲಟ್ಟಿಸಿದ ಹಾಗೆ ಗ್ಯಾಸ್ಕೆಟ್ ಹರಡಿಕೊಳ್ಳಬೇಕು. ಮೂಲೆಗಳನ್ನು ಮೊದಲು ಬಿಗಿದರೆ ನಡುವೆ ಉಬ್ಬು ಉಳಿದು ಹೆಡ್ ಬಾಗುತ್ತದೆ. ನಿಮ್ಮ ಎಂಜಿನ್ನಿನ ಕ್ರಮಸಂಖ್ಯೆಯ ಚಿತ್ರ ಪುಸ್ತಕದಲ್ಲಿದೆ. ಅದನ್ನು ನೋಡಿ ಹೆಡ್ಡಿನ ಮೇಲೆಯೇ, ಬೋಲ್ಟಿನ ಪಕ್ಕ, ಮಾರ್ಕರ್‌ನಲ್ಲಿ 1, 2, 3 ಎಂದು ಬರೆದುಬಿಡಿ. ಯಾರಾದರೂ ಮಾತಾಡಿಸಿದರೂ ಎಲ್ಲಿದ್ದಿರಿ ಎಂದು ಮರೆಯುವುದಿಲ್ಲ.

ಒಂದೇ ಸಲಕ್ಕೆ ಕೊನೆಯ ಅಂಕೆಗೆ ಹೋಗಬಾರದು. ಪುಸ್ತಕದ ಹಂತಗಳನ್ನೇ ಹಿಡಿಯಿರಿ. ಉದಾಹರಣೆಗೆ ಕೊನೆಯ ಅಂಕೆ 60 ಇದ್ದರೆ ಹತ್ತನ್ನೂ 30ಕ್ಕೆ, ಮತ್ತೆ ಒಂದರಿಂದ ಶುರುಮಾಡಿ 45ಕ್ಕೆ, ಮತ್ತೆ ಒಂದರಿಂದ 60ಕ್ಕೆ. ಕೆಲವು ಪುಸ್ತಕಗಳು ನಡುವೆ ಎಲ್ಲವನ್ನೂ ಪೂರ್ತಿ ಸಡಿಲಿಸಿ ಮತ್ತೆ ಶುರು ಮಾಡಲು ಹೇಳುತ್ತವೆ. ಅದು ಅಚ್ಚಿನ ತಪ್ಪಲ್ಲ, ಗ್ಯಾಸ್ಕೆಟ್ ಕೂರಲಿ ಎಂದು. ಬಿಡದೆ ಮಾಡಿ.

ಎಳೆಯುವ ರೀತಿಯೂ ಮುಖ್ಯ. ರೆಂಚನ್ನು ಝಾಡಿಸಬೇಡಿ, ನಿಧಾನವಾಗಿ ಒಂದೇ ಎಳೆತದಲ್ಲಿ ತನ್ನಿ. 'ಟಕ್' ಎಂದ ಕೂಡಲೇ ಬಿಡಿ. ಖಾತ್ರಿಗೆ ಇನ್ನೊಂದು 'ಟಕ್' ಕೇಳುವ ಅಭ್ಯಾಸ ಬಹಳ ಜನಕ್ಕಿದೆ. ಅದು ಬೇಡ, ಸ್ವಲ್ಪ ಸ್ವಲ್ಪವೇ ಜಾಸ್ತಿ ಬಿಗಿಯುತ್ತಾ ಹೋಗುತ್ತದೆ. ಇನ್ನೊಂದು ಮಾತು, ಅಂಕೆಯ ಹತ್ತಿರ ಬಂದು ನಿಲ್ಲಿಸಿ ಮತ್ತೆ ಎಳೆದರೆ ನಿಂತ ಬೋಲ್ಟ್ ಅಲ್ಲಾಡಿಸಲು ಜಾಸ್ತಿ ಬಲ ಬೇಕು. ಬೋಲ್ಟ್ ತಿರುಗದೆಯೇ 'ಟಕ್' ಬರುತ್ತದೆ. ಹಾಗಾದರೆ ಬರೀ ಟಾರ್ಕ್ ಲೆಕ್ಕದ ಬೋಲ್ಟನ್ನು ಅರ್ಧ ಸುತ್ತು ಸಡಿಲಿಸಿ, ಒಂದೇ ಎಳೆತದಲ್ಲಿ ಮತ್ತೆ ಅಂಕೆಗೆ ತನ್ನಿ.

ಡಿಗ್ರಿ ಲೆಕ್ಕ

ಪುಸ್ತಕದಲ್ಲಿ "40 ನ್ಯೂಟನ್ ಮೀಟರ್, ನಂತರ 90 ಡಿಗ್ರಿ, ಮತ್ತೆ 90 ಡಿಗ್ರಿ" ಎಂಬಂತೆ ಇದ್ದರೆ ಹೆದರಬೇಡಿ. ಇದು ಟಾರ್ಕ್‌ಗಿಂತ ನಂಬಿಕೆಯ ಲೆಕ್ಕ. ಮೊದಲ ಟಾರ್ಕ್ ಬರೀ ಎಲ್ಲವನ್ನೂ ತಾಗಿಸಿ ನಿಲ್ಲಿಸಲು. ಆಮೇಲಿನದು ಸುತ್ತಿನ ಲೆಕ್ಕ. ತ್ರೆಡ್ಡಿನ ಅಂತರ 1.25 ಮಿಲಿಮೀಟರ್ ಇದ್ದರೆ ಕಾಲು ಸುತ್ತಿಗೆ ಬೋಲ್ಟ್ 0.31 ಮಿಲಿಮೀಟರ್ ಇಳಿಯುತ್ತದೆ. ಉಜ್ಜಾಟ ಎಷ್ಟೇ ಇರಲಿ, ಇಳಿಯುವುದು ಅಷ್ಟೇ.

ಡಿಗ್ರಿ ತೋರಿಸುವ ಆಂಗಲ್ ಗೇಜ್ ಇದ್ದರೆ ಸರಿ. ಇಲ್ಲದಿದ್ದರೆ ಬಿಳಿ ಪೇಂಟ್ ಸಾಕು. ಮೊದಲ ಟಾರ್ಕ್ ಮುಗಿದ ಮೇಲೆ ಪ್ರತಿ ಬೋಲ್ಟ್ ತಲೆಯ ಮೇಲೆ ಒಂದು ಚುಕ್ಕಿ ಇಡಿ, ಎಲ್ಲವೂ ಒಂದೇ ದಿಕ್ಕಿಗೆ. ನಾನು ರೇಡಿಯೇಟರ್ ಕಡೆಗೆ ಇಡುತ್ತೇನೆ. ಮೊದಲ 90 ಡಿಗ್ರಿ ಆದಾಗ ಹತ್ತೂ ಚುಕ್ಕಿಗಳು ಪಕ್ಕಕ್ಕೆ ತಿರುಗಿರುತ್ತವೆ. ಎರಡನೇ 90 ಆದಾಗ ಹತ್ತೂ ಹಿಂದಕ್ಕೆ ನೋಡುತ್ತವೆ. ಒಂದು ಚುಕ್ಕಿ ಬೇರೆ ಕಡೆ ನೋಡುತ್ತಿದ್ದರೆ ಅದೇ ಬಿಟ್ಟುಹೋದ ಬೋಲ್ಟ್. ಎರಡು 90 ಎಂದು ಬರೆದಿದ್ದರೆ ಒಂದೇ ಸಲಕ್ಕೆ 180 ಮಾಡಬೇಡಿ, ಸುತ್ತು ಸುತ್ತಾಗಿಯೇ ಹೋಗಿ. ಇಲ್ಲಿ ಉದ್ದ ಹಿಡಿಯ ಬ್ರೇಕರ್ ಬಾರ್ ಬೇಕು.

ಕೊನೆಯ ಕಾಲು ಸುತ್ತಿನಲ್ಲಿ ಕೈಗೆ ಗಮನ ಕೊಡಿ. ಬಲ ಏರುತ್ತಾ ಬಂದು ಒಂದು ಮಟ್ಟದಲ್ಲಿ ನಿಂತಂತೆ ಅನಿಸಿದರೆ ಅದು ಸಹಜ. ಆದರೆ ಇದ್ದಕ್ಕಿದ್ದಂತೆ ಬಲ ಕಡಿಮೆಯಾಗಿ ಮೆತ್ತಗಾದರೆ ತ್ರೆಡ್ ಕಿತ್ತಿದೆ ಅಥವಾ ಬೋಲ್ಟ್ ಹರಿಯುತ್ತಿದೆ. ಅಲ್ಲೇ ನಿಲ್ಲಿಸಿ, ಆ ಬೋಲ್ಟ್ ತೆಗೆದು ನೋಡಿ. ಪಕ್ಕದಲ್ಲಿ ಸಣ್ಣ ಬೋಲ್ಟ್‌ಗಳಿದ್ದರೆ ಅವು ಕೊನೆಗೆ, ತಮ್ಮದೇ ಕಡಿಮೆ ಅಂಕೆಗೆ.

ಆಮೇಲೆ

ಟೈಮಿಂಗ್ ಬೆಲ್ಟ್ ಅಥವಾ ಚೈನನ್ನು ಗುರುತಿಗೆ ಸರಿಯಾಗಿ ಕೂರಿಸಿ ಕ್ರ್ಯಾಂಕನ್ನು ಕೈಯಲ್ಲೇ ಪೂರ್ತಿ ಎರಡು ಸುತ್ತು ತಿರುಗಿಸಿ. ಆಯಿಲ್‌ಗೆ ನೀರು ಸೇರಿತ್ತು ಎಂದಾದರೆ ಆಯಿಲ್ಲೂ ಫಿಲ್ಟರೂ ಹೊಸದು. ಬಾವಿ ನೀರು ಬೇಡ, ಕೂಲೆಂಟ್ ಹಾಕಿ, ಗಾಳಿ ತೆಗೆಯಿರಿ. ಫ್ಯಾನ್ ಎರಡು ಸಲ ತಿರುಗಿ ನಿಲ್ಲುವವರೆಗೆ ನಿಂತಲ್ಲೇ ಓಡಿಸಿ. ಹೀಟ್ ಆಗಿದ್ದಕ್ಕೆ ಮೂಲ ಕಾರಣ ಏನು ಎಂದೂ ನೋಡಿ. ರೇಡಿಯೇಟರ್ ಕಟ್ಟಿಕೊಂಡಿದ್ದರೆ ಬೋಲ್ಟ್ ಎಷ್ಟು ಚೆನ್ನಾಗಿ ಬಿಗಿದರೂ ಗ್ಯಾಸ್ಕೆಟ್ ಮತ್ತೆ ಹೋಗುತ್ತದೆ.

ಓಡಿಸಿದ ಮೇಲೆ ಮತ್ತೊಮ್ಮೆ ಬಿಗಿಯಬೇಕಾ ಎಂದು ತುಂಬಾ ಜನ ಕೇಳುತ್ತಾರೆ. ಹಳೆಯ ಕೆಲವು ಎಂಜಿನ್‌ಗಳಿಗೆ ಪುಸ್ತಕದಲ್ಲೇ ಹಾಗೆ ಹೇಳಿರುತ್ತದೆ, ಅಲ್ಲಿ ಹೇಳಿದಂತೆ ಮಾಡಿ. ಡಿಗ್ರಿ ಲೆಕ್ಕದ ಬೋಲ್ಟಿಗೆ, ಪದರ ಪದರದ ಸ್ಟೀಲ್ ಗ್ಯಾಸ್ಕೆಟ್ಟಿಗೆ ಸಾಮಾನ್ಯವಾಗಿ ಬೇಡ. ಸುಮ್ನೆ ಕೈ ಹಾಕಿದರೆ ಆಗಲೇ ಹಿಗ್ಗಿದ ಬೋಲ್ಟನ್ನು ಇನ್ನೂ ಹಿಗ್ಗಿಸಿದಂತೆ.

ಮೇಗರವಳ್ಳಿಯ ಕಾರಿಗೆ ಹೊಸ ಗ್ಯಾಸ್ಕೆಟ್, ಹೊಸ ಬೋಲ್ಟ್ ಸೆಟ್ ಹಾಕಿ, ಮಾಲೀಕರನ್ನೇ ಪಕ್ಕದಲ್ಲಿ ಕೂರಿಸಿಕೊಂಡು ಸೋಮೇಶ್ವರಕ್ಕೆ ಇಳಿದೆ. ಅಲ್ಲಿಂದ 14 ಹೇರ್‌ಪಿನ್ ತಿರುವನ್ನೂ ಹತ್ತಿಸಿ ತಂದೆ. ಗೇಜ್ ಮುಳ್ಳು ನಡುವಿನಿಂದ ಮೇಲೆ ಹೋಗಲಿಲ್ಲ. ಅವರು ಆಗಲೇ ಗಾಡಿ ಒಯ್ಯುತ್ತೇನೆ ಎಂದರು. ಒಂದು ರಾತ್ರಿ ಇರಲಿ ಅಣ್ಣಾ, ಎಂದೆ. ಬೆಳಿಗ್ಗೆ ತಣ್ಣಗಿರುವಾಗ ಕೂಲೆಂಟ್ ಬಾಟಲಿಯ ಮೇಲೆ ನಾನು ಹಿಂದಿನ ದಿನ ಹಾಕಿದ್ದ ಪೆನ್ನಿನ ಗೆರೆಯಲ್ಲೇ ನೀರಿತ್ತು. ಆಯಿಲ್ ಕಡ್ಡಿ ಶುದ್ಧವಾಗಿತ್ತು. ಆಮೇಲೆ ಕೀ ಕೊಟ್ಟೆ.